ಕ್ರೇನ್ ಇಲ್ಲದ ಕಿಟಕಿ

ಫೆರ್ರಿ ದಂಡೆ ಬಿಟ್ಟ ಮೇಲೆ ಶೋಭನಾ ಕ್ರೇನಿಗೆ ಬೆನ್ನು ಮಾಡಿ ಕೂತಳು. ಸ್ವೀಡನ್ನಿನ ಗೋಥೆನ್‌ಬರ್ಗಿನ ನದಿಯ ಮೇಲೆ ಇದು ಅಷ್ಟು ಸುಲಭದ ಕೆಲಸವಲ್ಲ. ಆ ಕಿತ್ತಳೆ ಬಣ್ಣದ ಹಳೇ ಕ್ರೇನು, ಹಡಗು ಕಟ್ಟುವುದು ನಿಂತು ಎಷ್ಟೋ ಕಾಲವಾದರೂ ನಿವೃತ್ತಿ ಒಪ್ಪಿಕೊಳ್ಳದ ಹೆಡ್‌ಮಾಸ್ಟರರ ಹಾಗೆ ಎರಡೂ ಕಾಲು ಅಗಲಿಸಿಕೊಂಡು ನಿಂತು ದಂಡೆಯ ಎಲ್ಲ ಕಿಟಕಿಗಳೊಳಗೂ ಇಣುಕುತ್ತಿರುತ್ತದೆ. ಎಲ್ಲ ಕಿಟಕಿಗಳೊಳಗೂ, ಒಂದನ್ನು ಬಿಟ್ಟು. ಆ ಒಂದು ಕಿಟಕಿ ಈಗ ಅವಳ ತೊಡೆಯ ಮೇಲಿನ ಲ್ಯಾಪ್‌ಟಾಪಿನೊಳಗಿತ್ತು. ಅದರಾಚೆ ಬರೀ ಬೆಳಕು. ನಿನ್ನೆ ಇಡೀ ಮಧ್ಯಾಹ್ನ ಕೂತು, ಸೊಪ್ಪಿನ ಕಟ್ಟಿನಿಂದ ಹುಲ್ಲು ಆಯುವವರ ಹಾಗೆ, ಒಂದೊಂದೇ ಫ್ರೇಮಿನಿಂದ ಕ್ರೇನನ್ನು ಆಯ್ದು ತೆಗೆದಿದ್ದಳು. ಊರಿನ ಭಾರವನ್ನೆಲ್ಲ ಎತ್ತಿದ ಕ್ರೇನನ್ನು ಎತ್ತಿಬಿಡುವುದು ಇಷ್ಟು ಸಲೀಸಾ ಎಂದು ಅವಳಿಗೇ ಆಶ್ಚರ್ಯವಾಗಿತ್ತು.    

ಇವತ್ತು ದಾವೂದ್ ಸಿನಿಮಾ ನೋಡಬೇಕು. ಸಿನಿಮಾದಲ್ಲಿರುವವರು ಮೊದಲು ನೋಡಿ ಸರಿ ಅನ್ನಬೇಕು, ಆಮೇಲೇ ಊರಿಗೆ ತೋರಿಸುವುದು ಎನ್ನುವುದು ಶೋಭನಾ ತನಗೆ ತಾನೇ ಹಾಕಿಕೊಂಡ ನಿಯಮ. ಸಂದರ್ಶನಗಳಲ್ಲಿ ಅದನ್ನು ಬಹಳ ಸಲ ಹೇಳಿದ್ದಾಳೆ, ಹೇಳುವಾಗ ಕನ್ನಡಕ ತೆಗೆದು ಕೈಯಲ್ಲಿ ಹಿಡಿದುಕೊಳ್ಳುತ್ತಾಳೆ. ದಾವೂದ್ 'ಸರಿ' ಅಂದ ಕೂಡಲೇ ಸಂಜೆಯೊಳಗೆ ಟೀವಿ ಚಾನೆಲ್ಲಿನ ಉಲ್ರಿಕಾಗೆ ತಿಳಿಸಬೇಕು. ಉಲ್ರಿಕಾ ಸಿನಿಮಾಕ್ಕೆ ಬೀಗ ಹಾಕುತ್ತಾಳೆ, ಆಮೇಲೆ ಯಾರೂ ಏನೂ ಬದಲಿಸುವಂತಿಲ್ಲ. ಸಿನಿಮಾದ ಹೆಸರು 'ಸಮ್ಮಾ ಹೋಲ್', ಅಂದರೆ 'ಒಂದೇ ದಿಕ್ಕು'. ಈ ಊರಿನ ಕನ್ನಡ ಸಂಘದ ಗಣೇಶನ ಹಬ್ಬಕ್ಕೂ ರಾಜ್ಯೋತ್ಸವಕ್ಕೂ ವರ್ಷವರ್ಷವೂ ಮೈಕು, ಸ್ಪೀಕರು, ವೈರು ಹೊತ್ತು ತಂದು ಜೋಡಿಸುವ ಗದಗಿನ ಇಂಜಿನಿಯರು ದಾವೂದ್‌ನ ಕತೆ. ಲಿಂಡ್‌ಹೋಲ್ಮೆನ್ನಿನಲ್ಲಿ ಕಾರುಗಳ ಸಾಫ್ಟ್‌ವೇರ್ ಬರೆಯುತ್ತಾನೆ. ಗಣೇಶನಿಗೆ ಮಂಗಳಾರತಿ ಆಗುವಾಗ ಮೈಕಿನಿಂದ ಕೀ ಎನ್ನುವ ಶಬ್ದ ಬಾರದ ಹಾಗೆ ಮೂಲೆಯಲ್ಲಿ ಕೂತು ಗುಂಡಿ ತಿರುಗಿಸುತ್ತಾನೆ. ಇದೆಲ್ಲ ಚೆನ್ನಾಗಿಯೇ ಇತ್ತು. ಆದರೆ ಉಲ್ರಿಕಾ ಮೊದಲ ಸಲ ನೋಡಿದಾಗ ಆಕಳಿಸಿದ್ದಳು, ಸ್ವೀಡಿಷರು ಆಕಳಿಸುವ ಹಾಗೆ, ಬಾಯಿ ಮುಚ್ಚಿಕೊಂಡು. ಆಕಳಿಕೆ ನಿಂತದ್ದು ಒಂದೇ ಕಡೆ. ದಾವೂದ್ ಮನೆಯ ಕಿಟಕಿಯ ಮುಂದೆ ನಮಾಜು ಮಾಡುವ ಶಾಟ್. ಸೆಪ್ಟೆಂಬರಿನ ಇಳಿಬಿಸಿಲು ಅವನ ಮುಖದ ಮೇಲೆ ಜೇನಿನ ಹಾಗೆ ಹರಿಯುತ್ತಿದೆ, ಕಣ್ಣು ಅರೆಮುಚ್ಚಿದೆ, ಕಿಟಕಿಯ ಅಂಚಿನಲ್ಲಿ ಕ್ರೇನು. ಉಲ್ರಿಕಾ ಎದೆಯ ಮೇಲೆ ಕೈಯಿಟ್ಟುಕೊಂಡು ಎಷ್ಟು ಅಪ್ಪಟ ಅಂದಳು. ಈ ಶಾಟ್ ಇದೆ ಅಂತ ಇದು ಸಿನಿಮಾ, ಇಲ್ಲದಿದ್ದರೆ ಸ್ಕೂಲಿನ ವಾರ್ಷಿಕೋತ್ಸವದ ವೀಡಿಯೋ ಎಂದೂ ಅಂದಳು. ಅದನ್ನೂ ಬಹಳ ಮೆತ್ತಗೆ, ಕ್ಯಾನೆಲ್ ಬುಲ್ಲೆ ಎನ್ನುವ ದಾಲ್ಚಿನ್ನಿ ಬನ್ನು ಮುರಿದು ಬಾಯಿಗೆ ಹಾಕಿಕೊಳ್ಳುತ್ತಲೇ ಅಂದಳು.

ಸಾಕ್ಷ್ಯಚಿತ್ರ ಎನ್ನುವ ಮಾತಿನಲ್ಲಿ ಸಾಕ್ಷ್ಯ ಮೊದಲು, ಚಿತ್ರ ಆಮೇಲೆ. ಕೆಲಸದಲ್ಲಿ ಯಾವಾಗಲೂ ತಿರುವುಮುರುವು. ಸಾಕ್ಷ್ಯ ಇಷ್ಟು ಸಾಕು, ಚಿತ್ರ ಇನ್ನೂ ಬೇಕು. ಅವಳ ಮೊದಲ ಸಿನಿಮಾದಲ್ಲಿ, ಚಿತ್ರದುರ್ಗದ ಕಡೆಯ ಒಂದು ದರ್ಗಾದಲ್ಲಿ, ದಿನಾ ದೀಪ ಹಚ್ಚುತ್ತಿದ್ದ ಲಿಂಗಾಯತರ ಅಜ್ಜಿಯೊಬ್ಬರನ್ನು ಬಾಗಿಲಿನಿಂದ ಎಷ್ಟು ಸಲ ಹೊರಗೆ ಕರೆಸಿ ಮತ್ತೆ ದೀಪ ಹಚ್ಚಿಸಿದ್ದಳೋ. ಒಮ್ಮೆ ಫೋಕಸ್ ಜಾರಿತು, ಒಮ್ಮೆ ನಾಯಿ ಅಡ್ಡ ಬಂತು, ಒಮ್ಮೆ ಎಲ್ಲ ಸರಿಯಿತ್ತು, ಅಜ್ಜಿಯೇ ಕ್ಯಾಮೆರಾ ನೋಡಿ ನಕ್ಕುಬಿಟ್ಟಿತು. ಕೊನೆಗೆ ಅಜ್ಜಿ, ಎಣ್ಣೆ ಮುಗೀತು ತಾಯಿ, ಇನ್ನು ದೇವರ ಪಾಲಿಂದು ಹಾಕ್ಲೇನು ಎಂದು ಕೇಳಿತ್ತು. ಆ ಮಾತನ್ನು ಎಡಿಟಿಂಗಿನಲ್ಲಿ ತೆಗೆದರು. ಸಿನಿಮಾಕ್ಕೆ ಪ್ರಶಸ್ತಿ ಬಂತು. ಶಾಲು, ಪೇಟ, ಹಣ್ಣಿನ ಬುಟ್ಟಿ. ಅಲ್ಲಿಂದ ಶೋಭನಾ ಸೌಹಾರ್ದದ ಸ್ಪೆಷಲಿಸ್ಟ್ ಆದಳು. ಚುನಾವಣೆಯ ಮೇಲೊಂದು, ಮಠಗಳ ಮೇಲೊಂದು, ಉರುಸಿನ ಮೇಲೊಂದು. ಎಲ್ಲಿ ಎರಡು ಜಾತಿಯವರು ಒಂದು ನಲ್ಲಿಯಲ್ಲಿ ನೀರು ಹಿಡಿದರೂ ಅವಳಿಗೆ ಫೋನ್ ಬರುತ್ತಿತ್ತು. ಅಣ್ಣ ಸಂದೀಪ, ಭಾವೈಕ್ಯ ಅಂದ್ರೆ ಎಲ್ಲಾ ಭಾವಂದಿರೂ ಒಂದಾಗೋದು, ನಿನ್ನ ಗಂಡನಿಗೂ ನನಗೂ ಮೊದಲು ಅದನ್ನ ಮಾಡಿಸು ಎಂದು ಚುಡಾಯಿಸುತ್ತಿದ್ದ. ಸನ್ಮಾನದ ಸಭೆಗಳಲ್ಲಿ ಅವಳು ಮುಸಲ್ಮಾನರ ಬಗ್ಗೆ ಮಾತಾಡುವಾಗ ಮುಂದಿನ ಸಾಲಿನಲ್ಲಿ ಕೂತ ಮುಸಲ್ಮಾನರು ತಲೆಯಾಡಿಸುತ್ತಿದ್ದರು. ಎಲ್ಲದಕ್ಕೂ ತಲೆಯಾಡಿಸುತ್ತಿದ್ದರು. ಈಗ ಫೆರ್ರಿಯಲ್ಲಿ ಕೂತು ನೆನೆಸಿಕೊಂಡರೆ, ಅವರಲ್ಲಿ ಎಷ್ಟು ಜನ ಒಪ್ಪಿ ತಲೆಯಾಡಿಸಿದರು, ಎಷ್ಟು ಜನ ಹೋಗಲಿ ಬಿಡು ಪಾಪ ಎಂದು ಆಡಿಸಿದರು ಅಂತ ತಿಳಿಯದೆ ಕಿವಿ ಬಿಸಿಯಾಗುತ್ತಿತ್ತು. ಎದುರು ಕೂತ ಸ್ವೀಡಿಷ್ ಮುದುಕ ಅವಳ ಕಡೆ ನೋಡಿ, ಅವಳ ಕಣ್ಣಿಗೆ ಸಿಕ್ಕಿಬಿದ್ದ ಕೂಡಲೇ ನೀರು ನೋಡತೊಡಗಿದ.

ಲಿಂಡ್‌ಹೋಲ್ಮೆನ್ ಬಂತು. ಕೊರಳಿಗೆ ಐಡಿ ಕಾರ್ಡು ನೇತುಹಾಕಿಕೊಂಡವರು ಇಳಿದರು. ಇಲ್ಲೇ, ಈ ಗಾಜಿನ ಕಟ್ಟಡಗಳಲ್ಲೊಂದರಲ್ಲಿ ಅವಳ ಗಂಡ ರಾಘವ್ ಕೆಲಸ ಮಾಡುತ್ತಾನೆ. ಹೋದ ತಿಂಗಳು ಅವನು ಮನೆಯ ಕೀಲಿ ಮರೆತು ಹೋದನೆಂದು ಕೊಡಲು ಬಂದಿದ್ದಳು. ತಲೆ ಸಿಡಿಯುತ್ತಿತ್ತು. ಇಲ್ಲೇ ವಿಲ್ರುಮ್ಮಿನಲ್ಲಿ ಸ್ವಲ್ಪ ಮಲಗಿರು, ಮೀಟಿಂಗ್ ಮುಗಿಸಿ ಬರ್ತೀನಿ ಎಂದ. ಕೆಲಸ ಮಾಡಿ ಸುಸ್ತಾದವರು ಕೊಂಚ ಹೊತ್ತು ಒರಗಲಿ ಎಂದು ಇಲ್ಲಿನ ಆಫೀಸುಗಳಲ್ಲಿ ಇಂಥದ್ದೊಂದು ಕೋಣೆ ಇಟ್ಟಿರುತ್ತಾರೆ. ಕಿರಿದಾದ ಮಂಚದ ಮೇಲೆ ಅಂಗಾತ ಮಲಗಿದರೆ ಸೀಲಿಂಗಿನಲ್ಲಿ ಒಂದು ಹಸಿರು ಬಾಣ ಕಂಡಿತು. ಬೆಂಕಿ ಬಿದ್ದರೆ ಓಡುವ ದಾರಿ ಇರಬೇಕು ಅಂದುಕೊಂಡಳು. ಆದರೆ ಬಾಣ ತೋರಿಸುತ್ತಿದ್ದ ಕಡೆ ಬಾಗಿಲಿರಲಿಲ್ಲ. ಗೋಡೆಯಿತ್ತು, ಗೋಡೆಯಲ್ಲಿ ಸಣ್ಣ ಕಿಟಕಿ, ಅದರಾಚೆ ನದಿ. ಮೂಲೆಯಲ್ಲಿ ಸುತ್ತಿಟ್ಟ ನಮಾಜಿನ ಚಾಪೆ. ನೋವಿನ ತಲೆಯೊಳಗೆ ಅದು ನಿಧಾನಕ್ಕೆ ಇಳಿಯಿತು, ಬಾಣ ನಮಾಜಿಗೆ ನಿಲ್ಲುವ ದಿಕ್ಕಿನದು. ಎದ್ದು ಬಾಣದ ಕಡೆ ಮುಖ ಮಾಡಿ ನಿಂತಳು. ಕ್ರೇನು ಎದುರಿಗಿರಲಿಲ್ಲ. ಬಲಗೈಯ ಹಿಂದೆಲ್ಲೋ, ಕತ್ತು ತಿರುಗಿಸಿ ಹುಡುಕಬೇಕಾದ ಕಡೆ ಇತ್ತು. ಫೋನಿನಲ್ಲಿ ಭೂಪಟ ತೆಗೆದು ಬೆರಳಿನಲ್ಲಿ ಇಲ್ಲಿಂದ ಮೆಕ್ಕಾಗೆ ಗೆರೆ ಎಳೆದಳು. ಗೆರೆ ಆಗ್ನೇಯಕ್ಕೆ ಹೋಯಿತು. ಇನ್ನೊಮ್ಮೆ ಎಳೆದಳು, ಬೆರಳಿನದೇ ತಪ್ಪಿರಬಹುದು ಎನ್ನುವ ಹಾಗೆ.

ಚಿತ್ರದುರ್ಗದಲ್ಲಿ ಅದು ಪಶ್ಚಿಮ. ಅವಳು ಹುಟ್ಟಿದ ಮನೆಯ ಹಿತ್ತಿಲ ಗೋಡೆಯಾಚೆ ಬೀಡಿ ಕಟ್ಟುತ್ತಿದ್ದ ಮನೆಯವರು ಸಂಜೆ ಸೂರ್ಯ ಮುಳುಗುವ ಕಡೆ ಮುಖ ಮಾಡಿ ನಿಲ್ಲುತ್ತಿದ್ದರು. ಅವಳು ಕ್ಯಾಮೆರಾ ಹಿಡಿದು ಓಡಾಡಿದ ಊರುಗಳಲ್ಲೆಲ್ಲ ಅದು ಪಶ್ಚಿಮವೇ. ಅದು ಪಶ್ಚಿಮ ಯಾಕೆ ಎಂದು ಯೋಚಿಸುವ ಅಗತ್ಯ ಬಿದ್ದಿರಲಿಲ್ಲ, ಸೂರ್ಯ ಯಾಕೆ ಅಲ್ಲಿ ಮುಳುಗುತ್ತಾನೆ ಎಂದು ಯಾರೂ ಯೋಚಿಸದ ಹಾಗೆ. ಶೂಟಿಂಗಿನ ದಿನ ದಾವೂದ್ ತನ್ನ ಮನೆಯಲ್ಲಿ ಚಾಪೆ ತೆಗೆದು ಹೊರಬಾಗಿಲ ಪಕ್ಕದ ಕತ್ತಲೆ ಮೂಲೆಗೆ, ಕೋಟುಗಳನ್ನು ನೇತುಹಾಕಿದ ಗೋಡೆಯ ಕಡೆ ಹಾಸಲು ಹೋದಾಗ, ವ್ಯೂಫೈಂಡರಿನಲ್ಲಿ ಕಣ್ಣಿಟ್ಟುಕೊಂಡೇ ಅವಳು ಅಂದಿದ್ದಳು: 'ಅಲ್ಲಿ ಬೆಳಕೇ ಇಲ್ಲ ದಾವೂದ್. ಕಿಟಕಿ ಕಡೆ ಹಾಕ್ತೀರಾ? ಪಶ್ಚಿಮ ತಾನೇ, ಸರಿಯಾಗೇ ಇರತ್ತೆ.' ಎಷ್ಟು ತಿಳಿದವಳ ಹಾಗೆ ಅಂದಿದ್ದಳು. ನಿಮ್ಮದೆಲ್ಲ ನನಗೆ ಗೊತ್ತು, ನನ್ನೆದುರು ಸಂಕೋಚ ಬೇಡ ಎನ್ನುವ ದನಿ. ದಾವೂದ್ ಚಾಪೆ ಕೈಯಲ್ಲಿ ಹಿಡಿದು ಒಂದು ಗಳಿಗೆ ನಿಂತ. ಆ ಗಳಿಗೆ ಫೂಟೇಜಿನಲ್ಲಿದೆ, ಈ ತಿಂಗಳಿಡೀ ಅದನ್ನು ಮತ್ತೆ ಮತ್ತೆ ನೋಡಿದ್ದಾಳೆ. ಅವನ ಬಾಯಿ ಸ್ವಲ್ಪ ತೆರೆಯುತ್ತದೆ, ಮುಚ್ಚುತ್ತದೆ. 'ಸರಿ ಮೇಡಂ' ಅನ್ನುತ್ತಾನೆ. ಕಿಟಕಿಯ ಕಡೆ, ಕ್ರೇನಿನ ಕಡೆ, ಅಂದರೆ ಅವಳ ಚಿತ್ರದುರ್ಗದ ಪಶ್ಚಿಮದ ಕಡೆ ತಿರುಗುತ್ತಾನೆ. ಆಮೇಲೆ ಬರುವುದೇ ಉಲ್ರಿಕಾ ಎದೆಯ ಮೇಲೆ ಕೈಯಿಟ್ಟುಕೊಂಡ ಮುಖ. ಆ ಅರೆಮುಚ್ಚಿದ ಕಣ್ಣು. ಭಕ್ತಿ ಎಂದು ಉಲ್ರಿಕಾ ಓದಿದ್ದು. ಈಗ ನೋಡಿದರೆ, ಯಾರದೋ ಮನೆಯ ಮದುವೆಯಲ್ಲಿ ತಪ್ಪು ಪಂಕ್ತಿಯಲ್ಲಿ ಕೂತುಬಿಟ್ಟು, ಎದ್ದರೆ ಬಡಿಸುವವರಿಗೆ ಬೇಜಾರಾದೀತು ಎಂದು ಎಲೆ ನೋಡುತ್ತ ಕೂತವನ ಮುಖ ಅದು.

ರಾಘವನಿಗೆ ಹೇಳಿದ್ದಳು. ಅವನು ಮೊಸರನ್ನ ಕಲೆಸುತ್ತ ಕೇಳಿಸಿಕೊಂಡ. ಸಾಫ್ಟ್‌ವೇರಿನಲ್ಲಿ ಬಗ್ ಎಲ್ಲಿದೆ ಅಂತ ಹುಡುಕುವುದು ಅವನ ಹೊಟ್ಟೆಪಾಡು. ಶಾಟನ್ನೇ ಕನ್ನಡಿಯ ಹಾಗೆ ಎಡಬಲ ಮಾಡಿಬಿಡು ಎಂದ. ಆಗ ಬಲಗೈ ಕೆಳಗೆ ಎಡಗೈ ಮೇಲೆ ಬರುತ್ತದೆ, ಅದು ಇನ್ನೂ ದೊಡ್ಡ ತಪ್ಪು ಎಂದಳು. ಇದಾದರೂ ಗೊತ್ತಿದೆಯಲ್ಲ ತನಗೆ ಎಂದು ಒಳಗೊಳಗೇ ಸಣ್ಣ ಹೆಮ್ಮೆಯೂ ಆಯಿತು. ಹಾಗಾದ್ರೆ ದಿಕ್ಕು ಗೊತ್ತಾಗೋದು ಹೇಗೆ, ಕ್ರೇನಿಂದ ತಾನೇ, ಕ್ರೇನನ್ನೇ ಅಳಿಸು, ಟಿಕೆಟ್ ಕ್ಲೋಸ್, ದೂರು ಮುಗೀತು ಎಂದು ರಾಘವ್ ಕೈ ತೊಳೆಯಲು ಎದ್ದ. ಅವಳು ಕೂತೇ ಇದ್ದಳು. ಅದೆಲ್ಲ ಬೇಡ, ದಾವೂದ್‌ಗೆ ಒಂದು ಫೋನ್ ಮಾಡಿದರೆ ಮುಗಿಯಿತು, ಮಾಡಲಾ ಎಂದು ಅವಳೂ ಕೇಳಲಿಲ್ಲ, ಮಾಡು ಎಂದು ಅವನೂ ಹೇಳಲಿಲ್ಲ. ಫೋನ್ ಮಾಡಿದರೆ ಶಾಟ್ ಹೋಗುತ್ತದೆ. ಶಾಟ್ ಹೋದರೆ ಸಿನಿಮಾ ಹೋಗುತ್ತದೆ. ಅದಕ್ಕಿಂತ ಮುಂಚೆ, ಇಷ್ಟು ವರ್ಷದ ಶಾಲುಗಳೆಲ್ಲ ಒಂದೊಂದೇ ಹೆಗಲಿನಿಂದ ಜಾರುತ್ತವೆ.

ಇವತ್ತು ಈ ಫೆರ್ರಿಯಲ್ಲಿ ಅಪ್ಪ ಯಾಕೆ ನೆನಪಾಗುತ್ತಿದ್ದಾರೆ? ಅಪ್ಪನಲ್ಲ, ಅಪ್ಪನ ಅಸ್ಥಿ ಬಿಟ್ಟ ದಿನ. ಶ್ರೀರಂಗಪಟ್ಟಣದ ಹೊಳೆಯಲ್ಲಿ ಸಂದೀಪ ಮೊಣಕಾಲು ನೀರಿನಲ್ಲಿ ನಿಂತು ಎಳ್ಳುನೀರು ಬಿಡುತ್ತಿದ್ದ. ಅವಳ ಕೈಯಲ್ಲಿ ಕ್ಯಾಮೆರಾ ಇತ್ತು, ಅಳು ಬಾರದಿರಲಿ ಎಂದು ಹಿಡಿದುಕೊಂಡದ್ದು, ಹಿಡಿದ ಮೇಲೆ ಅದು ತನ್ನ ಕೆಲಸ ಶುರುಮಾಡಿತು. ಸಂದೀಪನ ಮುಖ ನೆರಳಿನಲ್ಲಿತ್ತು. ಸ್ವಲ್ಪ ಈ ಕಡೆ ತಿರುಗಿಕೊಳ್ಳಲಿ ಎಂದು ಅವಳು ಪುರೋಹಿತರನ್ನು ಕೇಳಿದ್ದಳು. ಅವರು ಕಣ್ಣೆತ್ತಿಯೂ ನೋಡದೆ, 'ಇದು ದಕ್ಷಿಣಕ್ಕೇ ಆಗಬೇಕಮ್ಮ. ಬಿಸಿಲು ಬೇಕಾದ್ರೆ ನೀನು ಆ ಕಡೆ ಹೋಗು' ಎಂದಿದ್ದರು. ಅವಳು ಹೋಗಿದ್ದಳು. ಮರುಮಾತಿಲ್ಲದೆ ಸೀರೆ ಎತ್ತಿ ಕಟ್ಟಿ, ಕ್ಯಾಮೆರಾ ತಲೆಯ ಮೇಲಿಟ್ಟುಕೊಂಡು, ಪಾಚಿಗಲ್ಲು ಜಾರುತ್ತ, ಸೊಂಟದ ನೀರಿನ ತನಕ ಇಳಿದು ಅಣ್ಣನ ಎದುರಿಗೆ ಹೋಗಿ ನಿಂತಿದ್ದಳು. ಫೆರ್ರಿ ಕೊನೆಯ ನಿಲ್ದಾಣಕ್ಕೆ ತಾಗಿ ಅಲುಗಾಡಿತು. ಅವಳು ಎದ್ದವಳು ಹಾಗೇ ಮತ್ತೆ ಕೂತಳು. ಅಲ್ಲಿ ತಾನು ಹೊಳೆಗೆ ಇಳಿದಿದ್ದೆ. ಇಲ್ಲಿ ಒಂದು ಕುರ್ಚಿ ಸರಿಸಿ ಕೋಟುಗಳ ಮೂಲೆಗೆ ಹೋಗಿ ನಿಲ್ಲಬಹುದಿತ್ತು. ಒಣ ನೆಲ. ಹಡಗಿನ ಹುಡುಗಿ ಇದೇ ಕೊನೆ, ಇಳಿಯಬೇಕು ಎಂದು ಎರಡು ಸಲ ಹೇಳಿದ ಮೇಲೆ ಇಳಿದಳು.

ಬಾಗಿಲು ತೆಗೆದದ್ದು ದಾವೂದ್‌ನ ಹೆಂಡತಿ ಫೆಹ್ಮಿದಾ. ಬನ್ನಿ ಅಕ್ಕಾ, ಕೋಟು ಕೊಡಿ, ಎಷ್ಟು ಸಣ್ಣ ಆಗಿದೀರ, ಎಡಿಟಿಂಗ್ ಅಂದ್ರೆ ನಿಮ್ಮನ್ನೂ ಕತ್ತರಿಸ್ತಾರಾ ಎಂದು ಒಂದೇ ಉಸಿರಿಗೆ ಮಾತಾಡಿಸಿದಳು. ಶೋಭನಾಳ ಕೋಟನ್ನು ಆ ಗೋಡೆಗೆ ನೇತುಹಾಕಿದಳು. ಶೋಭನಾ ಆ ಗೋಡೆಯ ಕಡೆ ನೋಡಲಿಲ್ಲ. ಮಗಳು ನಿಲೋಫರ್ ಸೋಫಾದ ಮೇಲೆ ಕಾಲು ಮಡಚಿ ಟ್ಯಾಬ್ ಹಿಡಿದಿದ್ದಳು. ಆಂಟಿಗೆ ನಮಸ್ತೆ ಹೇಳು ಎಂದು ಅಮ್ಮ ಕನ್ನಡದಲ್ಲಿ ಹೇಳಿದ್ದಕ್ಕೆ ಅವಳು 'ಹೇಯ್ ಹೇಯ್' ಎಂದು ಸ್ವೀಡಿಷಿನಲ್ಲಿ ತೀರಿಸಿದಳು. ಟೇಬಲ್ಲಿನ ಮೇಲೆ ಚಹಾ, ಶಾವಿಗೆ, ಅಂಗಡಿಯ ಶುಂಠಿ ಬಿಸ್ಕತ್ತು. ದಾವೂದ್ ಆಫೀಸಿಗೆ ಅರ್ಧ ದಿನ ರಜೆ ಹಾಕಿ ಇಸ್ತ್ರಿ ಮಾಡಿದ ಅಂಗಿ ತೊಟ್ಟಿದ್ದ, ಫೋಟೋ ತೆಗೆಸಿಕೊಳ್ಳಲು ಹೊರಟವನ ಹಾಗೆ. 'ಫಿಕಾ ಮಾಡೋಣ ಮೇಡಂ ಮೊದಲು. ಹೆಸರು ಫಿಕಾ ಅಷ್ಟೇ, ಫೀಕಾ ಇಲ್ಲ, ಫೆಹ್ಮಿದಾ ಸಕ್ಕರೆ ಜಾಸ್ತಿನೇ ಹಾಕಿದಾಳೆ' ಎಂದ. ಸ್ವೀಡಿಷರ ಚಹಾ-ತಿಂಡಿಯ ಹೊತ್ತು ಫಿಕಾ, ಉರ್ದುವಿನ ಫೀಕಾ ಅಂದರೆ ಸಪ್ಪೆ; ಹಿಂದಿನ ಸಲವೂ ಇದೇ ಜೋಕು ಹೇಳಿದ್ದ. ಆಗ ಅವಳು ಮನಸಾರೆ ನಕ್ಕಿದ್ದಳು. ಕನ್ನಡ ಸಂಘದವರ ನಡುವೆ ಇದ್ದೂ ಇದ್ದೂ ಅವನ ಗದಗಿನ ಕನ್ನಡ ಬೆಂಗಳೂರಿನದಾಗಿತ್ತು. ಇಸ್ತ್ರಿಯ ಅಂಗಿಯ ಹಾಗೆ ಅದನ್ನೂ ಹೊರಗಿನವರು ಬಂದಾಗ ತೊಟ್ಟುಕೊಳ್ಳುತ್ತಿದ್ದ.

ಸಿನಿಮಾ ಶುರುವಾಯಿತು. ಲ್ಯಾಪ್‌ಟಾಪಿನಿಂದ ಟೀವಿಗೆ ವೈರು ಜೋಡಿಸಿದ್ದೂ ಅವನೇ. ಗಣೇಶನ ಪೆಂಡಾಲು, ಸ್ಕೂಲಿನ ಸಭಾಂಗಣ, ಸಂಘದ ಅಧ್ಯಕ್ಷ ಶೇಷಾದ್ರಿಯವರು ಪೇಟ ಸರಿಮಾಡಿಕೊಳ್ಳುತ್ತ ಭಾಷಣ ಹೊಡೆಯುವುದು, ಹಿಂದೆ ಮೂಲೆಯಲ್ಲಿ ದಾವೂದ್. ಫೆಹ್ಮಿದಾ ಎಲ್ಲರ ಸೀರೆ ಗುರುತಿಸಿ ಹೇಳುತ್ತಿದ್ದಳು. ದಾವೂದ್ ತನ್ನನ್ನು ತಾನು ನೋಡಿ ನಾಚಿ, ಹೊಟ್ಟೆ ಒಳಗೆಳೆದುಕೊಂಡು ಕೂತ, ಅಲ್ಲಿ ಎಳೆದುಕೊಂಡರೆ ಇಲ್ಲಿ ಒಳಗೆ ಹೋದೀತು ಎನ್ನುವ ಹಾಗೆ. ಶೋಭನಾ ಟೀವಿ ನೋಡುತ್ತಿರಲಿಲ್ಲ, ಅವನನ್ನು ನೋಡುತ್ತಿದ್ದಳು. ಕಿಟಕಿಯ ಶಾಟ್ ಬರುವುದಕ್ಕೆ ಮೊದಲು ಟ್ರಾಮಿನ ಶಬ್ದ ಬರುತ್ತದೆ. ಟ್ರಾಮಿನ ಶಬ್ದ ಬಂತು.  ಟೀವಿಯ ತುಂಬ ಆ ಮುಖ, ಆ ಜೇನಿನ ಬಿಸಿಲು. ಪಕ್ಕದಲ್ಲೇ ನಿಜವಾದ ಕಿಟಕಿ, ನವೆಂಬರಿನ ಬೂದಿ ಆಕಾಶ, ಅದರ ನಡುವೆ ಕಾಲು ಅಗಲಿಸಿ ನಿಂತ ಕಿತ್ತಳೆ ಕ್ರೇನು. ಇದು ಪಕ್ಕದಲ್ಲೇ ಇರುತ್ತದೆ ಎನ್ನುವುದು ಯಾಕೆ ತನಗೆ ಹೊಳೆಯಲಿಲ್ಲ? ದಾವೂದ್ ಸುಮ್ಮನೆ ನೋಡುತ್ತಿದ್ದ. ಮುಗಿಯಿತು, ದಾಟಿತು, ಮುಂದಿನ ಶಾಟ್ ಬಂತು, ರಾಜ್ಯೋತ್ಸವದ ಬಾವುಟ. ಅವಳ ಎದೆಯಿಂದ ಉಸಿರು ಹೊರಗೆ ಬರುವಷ್ಟರಲ್ಲಿ ಫೆಹ್ಮಿದಾ ತಟ್ಟೆ ಹಿಡಿದ ಕೈಯನ್ನು ಹಾಗೇ ನಿಲ್ಲಿಸಿ ಕೇಳಿದಳು.

'ಅಕ್ಕಾ, ನಮ್ಮ ಕ್ರೇನ್ ಎಲ್ಲಿ?'

 ಫೆಹ್ಮಿದಾ ನಗುತ್ತಲೇ ಮುಂದುವರಿಸಿದಳು. ದಾವಣಗೆರೆಯಲ್ಲಿ ಅವಳ ಅಮ್ಮ ವಿಡಿಯೋ ಕಾಲ್ ಮಾಡಿದರೆ ಮೊದಲು ಕೇಳುವುದು ಕ್ರೇನನ್ನಂತೆ. ಇವತ್ತು ನಿಮ್ಮ ಕಿತ್ತಳೆ ಕುದುರೆ ಎಲ್ಲಿ, ತೋರಿಸು ಅನ್ನುತ್ತಾರಂತೆ. ಟೀವಿಯಲ್ಲಿ ಬರುತ್ತದೆ ಎಂದು ಹೇಳಿಟ್ಟಿದ್ದಾಳೆ, ಅಳಿಯ ಬರದಿದ್ದರೂ ಪರವಾಗಿಲ್ಲ ಕ್ರೇನ್ ಬರಲಿ ಎಂದು ಅವರು ಕಾಯುತ್ತಿದ್ದಾರೆ.

'ಅದು... ಬೆಳಕು ಜಾಸ್ತಿ ಆಯ್ತು ಫೆಹ್ಮಿದಾ,' ಶೋಭನಾ ಹೇಳಿದಳು. 'ಕಿಟಕಿ ಹೊರಗಡೇದು ಸುಟ್ಟುಹೋಗಿದೆ. ಓವರ್ ಎಕ್ಸ್‌ಪೋಸ್ ಅಂತಾರೆ.'

ವೃತ್ತಿಯ ಮಾತು ಬಾಯಿಗೆ ಸಲೀಸಾಗಿ ಬಂತು. ಫೆಹ್ಮಿದಾ ಒಪ್ಪಿಕೊಂಡೂಬಿಟ್ಟಳು, ಹೌದಾ, ಪಾಪ ಅಂದಳು. ಆದರೆ ದಾವೂದ್ ಲ್ಯಾಪ್‌ಟಾಪಿನ ಗುಂಡಿ ಒತ್ತಿ ಬಾವುಟವನ್ನು ನಿಲ್ಲಿಸಿದ. ದನಿಯಲ್ಲಿ ಯಾವ ಆಪಾದನೆಯೂ ಇರಲಿಲ್ಲ, ಮೈಕಿನ ಯಾವ ವೈರು ಕೈಕೊಟ್ಟಿದೆ ಎಂದು ನೋಡುವವನ ದನಿ. 'ಅವತ್ತು ಕ್ಯಾಮೆರಾದಲ್ಲಿ ನೀವೇ ನನಗೆ ತೋರಿಸಿದ್ರಲ್ಲ ಮೇಡಂ. ಕ್ರೇನ್ ಎಷ್ಟು ಚೆನ್ನಾಗಿ ಬಂದಿದೆ ನೋಡಿ ಅಂತ.'

ಟೀವಿಯಲ್ಲಿ ಬಾವುಟ ಅರ್ಧ ಹಾರಿ ನಿಂತಿತ್ತು. ಶೋಭನಾ ಶಾವಿಗೆಯ ಬಟ್ಟಲು ನೋಡಿದಳು. ಒಂದು ದ್ರಾಕ್ಷಿ ಮೇಲೆ ಬಂದು ಕೂತಿತ್ತು. ನೆಲ ಬಾಯಿಬಿಡಲಿ ಎಂದು ಹಾರ್ಮೋನಿಯಂ ಪೆಟ್ಟಿಗೆಯ ನಾಟಕಗಳಲ್ಲಿ ಅನ್ನುತ್ತಿದ್ದರು. ಇಲ್ಲಿ ನೆಲ ಓಕ್ ಮರದ್ದು, ಕೆಳಗಿನ ಮನೆಯಲ್ಲಿ ಸ್ವೀಡಿಷರಿದ್ದರು. ಫೆಹ್ಮಿದಾ ಒಮ್ಮೆ ಟೀವಿ, ಒಮ್ಮೆ ಕಿಟಕಿ, ಒಮ್ಮೆ ಕೋಟುಗಳ ಗೋಡೆ ನೋಡಿದಳು. ನೋಡುತ್ತ ನೋಡುತ್ತ ಅವಳ ನಗು ಎಲ್ಲಿಗೆ ಹೋಗಬೇಕೆಂದು ತಿಳಿಯದೆ ಮುಖದ ಮೇಲೇ ಉಳಿಯಿತು. ಮಗಳನ್ನು ಎಬ್ಬಿಸಿ, ಹೋಮ್‌ವರ್ಕ್ ಇದೆ ಬಾ ಎಂದು ಒಳಗೆ ಕರೆದುಕೊಂಡು ಹೋದಳು. ನಿಲೋಫರ್ ಸ್ವೀಡಿಷಿನಲ್ಲಿ ಗೊಣಗಿದ್ದು ಕೇಳಿಸಿತು, ಇವತ್ತು ಶುಕ್ರವಾರ, ಹೋಮ್‌ವರ್ಕ್ ಇಲ್ಲವೇ ಇಲ್ಲ ಎಂದು.

'ನಿಮಗೆ ಯಾವಾಗ ಗೊತ್ತಾಯ್ತು?' ದಾವೂದ್ ಕೇಳಿದ.

'ಹೋದ ತಿಂಗಳು.'

'ನನಗೆ ಅವತ್ತೇ ಗೊತ್ತಿತ್ತು.'

'ಮತ್ತೆ ಯಾಕೆ ಹೇಳ್ಲಿಲ್ಲ ದಾವೂದ್?'

ಅವನು ಟೀವಿಯ ರಿಮೋಟನ್ನು ಟೇಬಲ್ಲಿನ ಅಂಚಿಗೆ ನೇರವಾಗಿ ಜೋಡಿಸಿಟ್ಟ. 'ಹೆಂಗೆ ಹೇಳ್ಲಿ ಮೇಡಂ. ಇಷ್ಟು ವರ್ಷ ನಮ್ಮೋರ ಬಗ್ಗೆನೇ ಸಿನಿಮಾ ಮಾಡ್ಕೊಂಡು ಬಂದಿದೀರ. ಪಶ್ಚಿಮ ತಾನೇ ಅಂದ್ರಿ. ಅಲ್ಲ ಅಂದ್ರೆ ನಿಮಗೆ ನಾಚಿಕೆ ಆಗತ್ತೆ ಅನ್ಸ್ತು. ಕ್ಯಾಮೆರಾಗೆ ಅಂತ ಬಗ್ಗಿ ಎದ್ರೆ ಅದು ನಮಾಜ್ ಅಂತೂ ಅಲ್ಲ. ನಿಮ್ಮ ಕೆಲಸ ಆಗ್ಲಿ ಅಂದ್ಕೊಂಡೆ.' ಅವಳ ಕಡೆ ನೋಡದೆ ಮುಂದುವರಿಸಿದ, 'ಇಲ್ಲಿ ನಮ್ಮ ಜಮಾತಿನೋರು ನೋಡಿದ್ರೆ ಕೇಳೇ ಕೇಳ್ತಾರೆ. ಕ್ರೇನ್ ಯಾವ ಕಡೆ ಅಂತ ಎಲ್ರಿಗೂ ಗೊತ್ತಲ್ಲ. ಕೇಳಿದ್ರೆ, ಅವರಿಗೆ ಗೊತ್ತಿರ್ಲಿಲ್ಲ, ಪ್ರೀತಿಯಿಂದ ತೆಗೆದ್ರು, ನಾನು ಸುಮ್ನಿದ್ದೆ ಅಂತ ಹೇಳೋಣ ಅಂತ ಇದ್ದೆ. ಈಗ ಗೊತ್ತಾಗಿ ಕ್ರೇನ್ ತೆಗೆದಿದೀರ. ಈಗ ಏನಂತ ಹೇಳ್ಲಿ?'

ಬೈದಿದ್ದರೆ ಚೆನ್ನಾಗಿತ್ತು. ಬೈಗುಳಕ್ಕೆ ಉತ್ತರ ಹುಡುಕುವುದು ಅವಳಿಗೆ ಅಭ್ಯಾಸವಿತ್ತು. ಒಂದು ಊರಿನಲ್ಲಿ ಕಲ್ಲೂ ಬಿದ್ದಿತ್ತು, ಅದರ ಗಾಯವನ್ನು ಮುಂದೆ ಎಷ್ಟೋ ಭಾಷಣಗಳಲ್ಲಿ ಬಳಸಿಕೊಂಡಿದ್ದಳು. ಇಲ್ಲಿ ಕೂತವನು ಅವಳ ಮಾನ ಉಳಿಸಲೆಂದು ಸುಳ್ಳಿಗೆ ಬಗ್ಗಿದ್ದ. ಅವಳು ಅದಕ್ಕೆ ಲೈಟು ಸರಿಯಾಗಿ ಬಿದ್ದಿದೆಯಾ ಎಂದು ನೋಡಿದ್ದಳು. ಏನಾದರೂ ಕೇಳಬೇಕು ಎಂದು, ಅವತ್ತು ಮತ್ತೆ ನಮಾಜ್ ಎಲ್ಲಿ ಮಾಡಿದಿರಿ ಎಂದು ಕೇಳಿದಳು. ನೀವು ವೈರು ಸುತ್ತುತ್ತ ಇದ್ದಿರಲ್ಲ, ಆಗ ಅಲ್ಲಿ ಮುಗಿಸಿದೆ ಎಂದು ಅವನು ಕೋಟುಗಳ ಮೂಲೆ ತೋರಿಸಿದ.

ಅವಳಿಗೆ ಥಟ್ಟನೆ ನೆನಪಾಯಿತು. ಆ ದಿನದ ಫೂಟೇಜಿನ ಕೊನೆಯಲ್ಲಿ ಒಂದು ತುಣುಕಿದೆ. ಕ್ಯಾಮೆರಾ ಆಫ್ ಮಾಡುವುದು ಮರೆತು ಸೋಫಾದ ಮೇಲೆ ಅಡ್ಡ ಮಲಗಿಸಿದ್ದಳು. ಓರೆಯಾದ ನೆಲ, ಮಂಕು ಬೆಳಕು, ಕೋಟುಗಳ ಅಂಚು, ನಿಲೋಫರಳ ಕೆಂಪು ಬೂಟು, ಚಾಪೆಯ ತುದಿ, ಬರಿಗಾಲಿನ ಎರಡು ಪಾದ. ಪಾದಗಳು ನಿಲ್ಲುತ್ತವೆ. ಮಡಚುತ್ತವೆ. ಬೆರಳುಗಳು ನೆಲಕ್ಕೆ ಒತ್ತಿ ಬೆಳ್ಳಗಾಗುತ್ತವೆ. ಹಿಂದೆ ಅವಳದೇ ಗುನುಗು ಕೇಳಿಸುತ್ತದೆ, ಏನನ್ನೂ ನೋಡದೆ ವೈರು ಸುತ್ತುತ್ತಿರುವವಳದು. ನೋಡಿ, ಇದು ಕಸ ಎಂದು ಬದಿಗೆ ಹಾಕಿದ್ದಳು. ಈಗ ಅದು ಕಣ್ಣೆದುರು ಪೂರ್ತಿ ಬಂದು ನಿಂತಿತು. ಎದೆಯಲ್ಲಿ ಏನೋ ಚಿಮ್ಮಿತು. ಅದು ಪಶ್ಚಾತ್ತಾಪ ಅಲ್ಲ ಎಂದು ಅವಳಿಗೆ ಆ ಕ್ಷಣವೇ ಗೊತ್ತಾಯಿತು. ಅದು ಸಂತೋಷ. ಹಳೇ, ಪರಿಚಯದ, ಒಳ್ಳೇ ಶಾಟ್ ಸಿಕ್ಕಿದಾಗಿನ ಸಂತೋಷ. ಬೆಳಕಿಲ್ಲ, ಮುಖವಿಲ್ಲ, ಉಲ್ರಿಕಾ ಈ ಸಲ ಎರಡೂ ಕೈ ಎದೆಯ ಮೇಲಿಡುತ್ತಾಳೆ. ಬಾಯಿ ಮುಚ್ಚಿಕೊಳ್ಳಬೇಕು ಎಂದು ತಿಳಿದೂ ಬಾಯಿ ತೆರೆಯಿತು.

'ದಾವೂದ್, ಅದು ನನ್ನ ಹತ್ರ ಇದೆ. ಕ್ಯಾಮೆರಾ ಆನ್ ಇತ್ತು. ಬರೀ ಪಾದ ಕಾಣತ್ತೆ. ಅದನ್ನ ಹಾಕ್ಲಾ?'

ದಾವೂದ್ ಮೊದಲ ಸಲ ಅವಳನ್ನು ನೇರವಾಗಿ ನೋಡಿದ. ಸಿಟ್ಟಿನಿಂದಲ್ಲ. ಬಹಳ ಸುಸ್ತಾದವನು ನೋಡುವ ಹಾಗೆ. ಅವನ ಬಾಯಿಯಿಂದ ಬಂದದ್ದು ಸಂಘದ ಕನ್ನಡವಲ್ಲ.

'ಅದೊಂದನ್ನರ ನನಗ ಬಿಡ್ರಿ, ಅಕ್ಕಾರ.'

ಇಷ್ಟು ವರ್ಷದಲ್ಲಿ ಅವನು ಅವಳನ್ನು ಮೇಡಂ ಬಿಟ್ಟು ಬೇರೆ ಏನೂ ಕರೆದಿರಲಿಲ್ಲ.

ಅವಳು ಲ್ಯಾಪ್‌ಟಾಪನ್ನು ಟೀವಿಯ ವೈರಿನಿಂದ ಬಿಡಿಸಿಕೊಂಡಳು. ಬಿಡಿಸುವಾಗ ವೈರು ಸಿಕ್ಕಿಕೊಂಡಿತು. ಅವನೇ ಬಂದು ಬಿಡಿಸಿಕೊಟ್ಟ. ಪಾದಗಳ ತುಣುಕನ್ನು ಹುಡುಕಿ ಅಳಿಸಿದಳು. ನೋಡಿ ಎಂದು ಸ್ಕ್ರೀನು ಅವನ ಕಡೆ ತಿರುಗಿಸಲು ಹೋದರೆ ಅವನು ಬೇಡ ಎಂದು ಕೈಯಾಡಿಸಿ ಶಾವಿಗೆಯ ಬಟ್ಟಲು ಅವಳ ಕಡೆ ಸರಿಸಿದ. ಆಮೇಲೆ ಫೋನ್ ತೆಗೆದು ಉಲ್ರಿಕಾಗೆ ಸ್ವೀಡಿಷಿನಲ್ಲಿ ಬರೆದಳು. ಸುತ್ತಿ ಬಳಸಿ ಬರೆಯುವಷ್ಟು ಸ್ವೀಡಿಷ್ ಅವಳಿಗೆ ಬರುತ್ತಿರಲಿಲ್ಲ, ಅದೇ ಒಳ್ಳೆಯದಾಯಿತು. ನಮಾಜಿನ ಶಾಟ್ ತೆಗೆಯುತ್ತಿದ್ದೇನೆ. ಅವನನ್ನು ತಪ್ಪು ದಿಕ್ಕಿಗೆ ನಿಲ್ಲಿಸಿದ್ದು ನಾನು. ಅದರ ಜಾಗಕ್ಕೆ ಏನೂ ಇಲ್ಲ. ಕಳಿಸುವ ಗುಂಡಿಯ ಮೇಲೆ ಬೆರಳು ಒಂದಿಷ್ಟು ಹೊತ್ತು ನಿಂತಿತು. ವಾರ್ಷಿಕೋತ್ಸವದ ವೀಡಿಯೋ ಎನ್ನುವ ಮಾತು ಕ್ಯಾನೆಲ್ ಬುಲ್ಲೆಯ ವಾಸನೆಯ ಜೊತೆಗೆ ನೆನಪಾಯಿತು. ಕಳಿಸಿದಳು.

ಹೊರಗೆ ಆಗಲೇ ಕತ್ತಲಾಗುತ್ತಿತ್ತು. ನವೆಂಬರಿನಲ್ಲಿ ಇಲ್ಲಿ ಚಹಾ ಆರುವುದರೊಳಗೆ ಹಗಲು ಮುಗಿಯುತ್ತದೆ. ಕ್ರೇನಿಗೆ ದೀಪ ಹತ್ತಿಕೊಂಡಿತು. ದಾವೂದ್ ಗಡಿಯಾರ ನೋಡಿ, ಮಗ್ರಿಬ್ ನಮಾಜಿನ ಹೊತ್ತಾಯಿತು ಎಂದು ಎದ್ದ. ಕೈಕಾಲು ತೊಳೆದು ಬಂದು, ಸೋಫಾದ ಹಿಂದಿನಿಂದ ಚಾಪೆ ತೆಗೆದು, ಅವಳು ಇದ್ದಾಳೆ ಎಂದೂ ಇಲ್ಲ ಎಂದೂ ಅನ್ನಿಸದ ಹಾಗೆ ಕೋಟುಗಳ ಗೋಡೆಯ ಕಡೆ ನಡೆದ. ಅಲ್ಲಿ ಅವಳ ಕೋಟೂ ನೇತಾಡುತ್ತಿತ್ತು. ಶೋಭನಾ ಎದ್ದು ನಿಂತಳು. ಯಾರು ಎಲ್ಲಿ ನಿಲ್ಲಬೇಕು, ಎಷ್ಟು ತಿರುಗಬೇಕು, ಯಾವಾಗ ಬಾಗಿಲು ದಾಟಿ ಬರಬೇಕು ಎಂದು ಹೇಳಿಕೊಂಡೇ ಕೂದಲು ಬೆಳ್ಳಗಾದವಳಿಗೆ ಈ ಪುಟ್ಟ ಹಾಲಿನಲ್ಲಿ ಎಲ್ಲಿ ನಿಂತರೆ ಅಡ್ಡಿಯಾಗುವುದಿಲ್ಲ ಎಂದು ತಿಳಿಯಲಿಲ್ಲ. ಒಂದು ಹೆಜ್ಜೆ ಆಚೆ ಇಟ್ಟಳು, ಒಂದು ಈಚೆ ಇಟ್ಟಳು.

'ನಾನು ಎಲ್ಲಿರ್ಲಿ?' ಎಂದು ಕೇಳಿದಳು.

ದಾವೂದ್ ತಿರುಗಿ ನೋಡಿದ. ಉತ್ತರ ಕೊಟ್ಟದ್ದು ಅಡುಗೆಮನೆಯ ಬಾಗಿಲಲ್ಲಿ ಬಂದು ನಿಂತ ಫೆಹ್ಮಿದಾ. 'ಇಲ್ಲಿ ಬನ್ನಿ ಅಕ್ಕಾ, ನನ್ನ ಹತ್ರ.'

ಅಡುಗೆಮನೆಯಲ್ಲಿ ಇಬ್ಬರಿಗೆ ನಿಲ್ಲುವಷ್ಟೇ ಜಾಗವಿತ್ತು. ಫೆಹ್ಮಿದಾ ನಲ್ಲಿಯನ್ನು ಸಣ್ಣಗೆ ತಿರುಗಿಸಿ ಮುಚ್ಚಿದಳು. ಕೊತ್ತಂಬರಿ ಬಿಡಿಸುವುದನ್ನೂ ನಿಲ್ಲಿಸಿ, ಕೈ ಒರೆಸಿಕೊಂಡು, ಕಿಟಕಿಯಾಚೆ ನೋಡುತ್ತ ನಿಂತಳು. ಹಾಲಿನಿಂದ ಬಟ್ಟೆಯ ಸದ್ದು, ಪಿಸುಮಾತಿನಷ್ಟು ಸಣ್ಣ ದನಿ. ಶೋಭನಾ ಆ ಕಡೆಗೆ ಬೆನ್ನು ಮಾಡಿದ್ದಳು. ಅವಳ ಫೋನು ಕಟ್ಟೆಯ ಮೇಲೆ ಗುರ್ ಎನ್ನತೊಡಗಿತು. ಉಲ್ರಿಕಾ. ಸ್ಟೀಲಿನ ಕಟ್ಟೆ ಅದನ್ನು ನಾಲ್ಕು ಪಟ್ಟು ದೊಡ್ಡದು ಮಾಡಿ ಹಾಲಿಗೆ ಕಳಿಸುತ್ತಿತ್ತು. ಮಾತಾಡಬೇಕೆಂದರೆ ಮೆಟ್ಟಿಲ ಹತ್ತಿರ ಹೋಗಬೇಕು, ಹೊರಬಾಗಿಲಿಗೆ ಹೋಗಲು ನಮಾಜು ಮಾಡುತ್ತಿದ್ದವನ ಮುಂದೆಯೇ ದಾಟಬೇಕಿತ್ತು. ಅವಳು ಫೋನಿನ ಮೇಲೆ ಅಂಗೈ ಒತ್ತಿದಳು. ಸದ್ದು ಅಡಗಿತು, ಅದುರುವುದು ಮಾತ್ರ ಬೆರಳಿನೊಳಗೆ, ಮಣಿಕಟ್ಟಿನೊಳಗೆ, ಹಲ್ಲಿನ ತನಕ ಏರಿತು. ನಿಂತಿತು. ಮತ್ತೆ ಶುರುವಾಯಿತು. ಆ ಕಡೆ ಒಬ್ಬಳು ಬೀಗ ಹಿಡಿದು ಕಾಯುತ್ತಿದ್ದಳು. ಈ ಕಡೆ ಒಬ್ಬ ಹಣೆಯನ್ನು ನೆಲಕ್ಕೆ ಇಟ್ಟ ಸಣ್ಣ ಸದ್ದು ಕೇಳಿಸಿತು. ಅವನು ಮುಗಿಸಿ ಚಾಪೆ ಮಡಚುವವರೆಗೂ ಶೋಭನಾ ಅಂಗೈ ಎತ್ತಲಿಲ್ಲ.